ಬದಲಿ ಪಿರಿಯಡ್ಡಿನ ಮೇಷ್ಟರು



ಬದಲಿ ಪಿರಿಯಡ್ಡಿಗೆ ಹೋಗುವ ಮೇಷ್ಟರ ಪಾಡು ಹೋದವರಿಗೇ ಗೊತ್ತು. ಪಾಠ ಎಲ್ಲಿಗೆ ನಿಂತಿದೆಯೆಂದು ತಿಳಿಯದು; ಮಕ್ಕಳಿಗೋ ಮೈದಾನಕ್ಕೆ ಬಿಟ್ಟಾರೆಂಬ ಆಸೆ. ಕ್ರೀಡಾ ನಿರೂಪಕ ಚಾರು ಶರ್ಮಾ ಅವರನ್ನು ನೆನೆದಾಗಲೆಲ್ಲ ನನಗೆ ಆ ಪಿರಿಯಡ್ಡು ಕಣ್ಮುಂದೆ ಬರುತ್ತದೆ.

2022ರ ಫೆಬ್ರವರಿ 12ರಂದು ಬೆಂಗಳೂರಿನಲ್ಲಿ ಐಪಿಎಲ್ ಆಟಗಾರರ ಹರಾಜು ನಡೆದಿತ್ತು. ಶ್ರೀಲಂಕಾದ ವನಿಂದು ಹಸರಂಗ ಅವರಿಗೆ ಬೆಲೆ ಕೂಗುತ್ತಿರುವಾಗಲೇ ಹರಾಜುದಾರ ಹ್ಯೂ ಎಡ್ಮೀಡ್ಸ್ ವೇದಿಕೆಯಲ್ಲಿ ಕುಸಿದುಬಿದ್ದರು. ದೇಶವೆಲ್ಲ ಟಿವಿಯಲ್ಲಿ ನೋಡುತ್ತಿದ್ದ ಹೊತ್ತು. ಊರಿನಲ್ಲೇ ಮನೆಯಿದ್ದ ಚಾರು ಶರ್ಮಾ ಅವರಿಗೆ ಕರೆ ಹೋಯಿತು. ಅವರು ಬಂದರು, ನಿಂತಿದ್ದ ಲೆಕ್ಕದಿಂದಲೇ ಹಿಡಿದರು. ಹಸರಂಗ 10.75 ಕೋಟಿಗೆ ಬೆಂಗಳೂರು ತಂಡದ ಪಾಲಾದರು. ಮುಂದೆ ಇಶಾನ್ ಕಿಶನ್ 15.25 ಕೋಟಿಗೆ ಮುಂಬೈಗೆ ಹೋದದ್ದೂ ಇವರ ಸುತ್ತಿಗೆಯ ಸದ್ದಿನಲ್ಲೇ. ಮರುದಿನ ಕೊನೆಯ ಹಂತಕ್ಕೆ ಎಡ್ಮೀಡ್ಸ್ ಚೇತರಿಸಿಕೊಂಡು ಬಂದಾಗ ಜಾಗ ಬಿಟ್ಟುಕೊಟ್ಟು ಪಕ್ಕಕ್ಕೆ ಸರಿದರು. ನನಗೆ ಹೆಚ್ಚು ಹಿಡಿಸಿದ್ದು ಈ ಸರಿಯುವಿಕೆಯೇ.

ಇದು ಒಂದು ದಿನದ ಸಿದ್ಧತೆಯಲ್ಲ. 2003ರ ವಿಶ್ವಕಪ್ಪಿನ ವೇಳೆ ಸೆಟ್ ಮ್ಯಾಕ್ಸ್ ವಾಹಿನಿಯ ಹರಟೆ ಕಾರ್ಯಕ್ರಮದಲ್ಲಿ ಮಂದಿರಾ ಬೇಡಿಯವರ ಜೊತೆ ಕುಳಿತು ನಿರೂಪಿಸುತ್ತಿದ್ದವರು ಇವರೇ. ಕೊಟ್ಟಿಗೆಹಾರದಲ್ಲಿ ನೀರುದೋಸೆಗೆಂದು ಇಳಿದ ಘಾಟಿಯ ಪ್ರಯಾಣಿಕರು, ಬಸ್ಸು ಹಾರ್ನ್ ಹೊಡೆದರೂ ಹೋಟೆಲಿನ ಟಿವಿಯೆದುರಿನಿಂದ ಕದಲುತ್ತಿರಲಿಲ್ಲ. ಅವರಾಡುವ ಇಂಗ್ಲಿಷು ಅರ್ಧ ಜನಕ್ಕೆ ತಿಳಿಯುತ್ತಿರಲಿಲ್ಲ, ಅದು ಬೇರೆ ಮಾತು. ಕ್ರಿಕೆಟ್ಟಿಗೆ ಸಿನಿಮಾದ ಬಣ್ಣ ಬಳಿದರೆಂದು ಮೂಗು ಮುರಿದವರೂ ಉಂಟು. ನನಗೆ ಕಂಡದ್ದು ಬೇರೆ: ಪ್ರಶ್ನೆ ಚಿಕ್ಕದಾಗಿ ಕೇಳಿ, ಆಡಿ ಬಲ್ಲವರನ್ನು ಮಾತನಾಡಲು ಬಿಡುವುದು. ತರಗತಿಯಲ್ಲಿ ಇದನ್ನು ಕಲಿಯಲು ಮೇಷ್ಟರುಗಳಿಗೆ ವರ್ಷಗಳೇ ಬೇಕು.

2008ರಲ್ಲಿ ಮೊದಲ ಐಪಿಎಲ್ ಬಂದಾಗ ರಾಯಲ್ ಚಾಲೆಂಜರ್ಸ್ ತಂಡದ ಆಡಳಿತದ ಹೊಣೆ ಹೊತ್ತರು. ತಂಡ ಸೋಲುತ್ತ ಹೋಯಿತು. ಟೂರ್ನಿ ಮುಗಿಯುವ ಮೊದಲೇ, ಮೇ ತಿಂಗಳಲ್ಲಿ, ಅವರ ಹುದ್ದೆ ಹೋಯಿತು. ಆ ಜಾಗಕ್ಕೆ ಬ್ರಿಜೇಶ್ ಪಟೇಲ್ ಬಂದರು. ಎಂಟು ತಂಡಗಳಲ್ಲಿ ಬೆಂಗಳೂರು ಏಳನೆಯದಾಯಿತು. ಆಡುವವರು ಹನ್ನೊಂದು ಮಂದಿ, ಮನೆಗೆ ಹೋಗುವವನು ಕುರ್ಚಿಯಲ್ಲಿ ಕುಳಿತವನು, ಲೋಕರೂಢಿ!

ಹುದ್ದೆ ಹೋದವರು ಸುಮ್ಮನೆ ಕೂರಲಿಲ್ಲ. ಆನಂದ್ ಮಹೀಂದ್ರಾ ಅವರ ಜೊತೆಗೂಡಿ ಮಶಾಲ್ ಸ್ಪೋರ್ಟ್ಸ್ ಕಟ್ಟಿದರು. ಅದರಿಂದ ಹುಟ್ಟಿದ ಪ್ರೊ ಕಬಡ್ಡಿ ಲೀಗ್ 2014ರ ಜುಲೈ 26ರಂದು ಎಂಟು ತಂಡಗಳೊಂದಿಗೆ ಶುರುವಾಯಿತು. ಕಬಡ್ಡಿಯನ್ನು ಟಿವಿಯಲ್ಲಿ ಯಾರು ನೋಡುತ್ತಾರೆ ಎಂದು ನಕ್ಕವರೆಷ್ಟೋ. ಮಣ್ಣಿನ ಬದಲು ಚಾಪೆ ಬಂತು. ದಾಳಿಗೆ 30 ಸೆಕೆಂಡಿನ ಗಡುವು ಬಂತು. ಎರಡು ಬಾರಿ ಬರಿಗೈಯಲ್ಲಿ ಮರಳಿದ ತಂಡ ಮೂರನೆಯ ದಾಳಿಯಲ್ಲಿ ಅಂಕ ತರಲೇಬೇಕು, ತಾರದಿದ್ದರೆ ಆಟಗಾರ ಹೊರಗೆ. ನೋಡುವವರ ಉಸಿರು ಎಲ್ಲಿ ಬಿಗಿಯುತ್ತದೆಂದು ವರ್ಷಗಟ್ಟಲೆ ಮೈಕಿನ ಮುಂದೆ ಕುಳಿತವರಿಗೆ ತಿಳಿಯದೆ ಇದ್ದೀತೇ?

ನಮ್ಮ ಕಡೆ ಕಬಡ್ಡಿಗೆ ಕ್ರಿಕೆಟ್ಟಿನಂತೆ ಬ್ಯಾಟು ಬೇಡ, ಕೊಯ್ಲಾದ ಗದ್ದೆಯೊಂದಿದ್ದರೆ ಸಾಕು. ಮಳೆಗಾಲದಲ್ಲಿ ಕೆಸರೂ ಆದೀತು. ಆದರೂ 'ಕಬಡ್ಡಿ ಆಡಲು ಹೋದ' ಎಂದರೆ ಓದು ಕೈಬಿಟ್ಟನೆಂದೇ ತಂದೆತಾಯಿಯರ ಲೆಕ್ಕ. ಅಂಗಿ ಹರಿದು ಬಂದವನಿಗೆ ಮನೆಯಲ್ಲಿ ಪೂಜೆ. ಟಿವಿಯಲ್ಲಿ ಅದೇ ಆಟಕ್ಕೆ ದೀಪ, ಸಂಗೀತ, ಸಂಬಳ ಬಂದ ಮೇಲೆ ಆ ಲೆಕ್ಕ ಬದಲಾಯಿತು. 2019ರ ಜನವರಿ 5ರಂದು ಫೈನಲ್ಲಿನಲ್ಲಿ ಬೆಂಗಳೂರು ಬುಲ್ಸ್ ಗುಜರಾತನ್ನು 38-33ರಿಂದ ಸೋಲಿಸಿತು. ಪವನ್ ಸೆಹ್ರಾವತ್ ಒಬ್ಬರದೇ 22 ಅಂಕ. ಅದಾದ ಮೇಲೆ ನಮ್ಮ ಬೀದಿಯ ಹುಡುಗರು ತೊಡೆ ತಟ್ಟಿ ಗೆರೆ ದಾಟುವಾಗ ಹೇಳಿಕೊಳ್ಳುತ್ತಿದ್ದದ್ದು ಆ ಹೆಸರನ್ನೇ. ಚಾರು ಶರ್ಮಾ ಎಂಬ ಹೆಸರನ್ನು ಅವರಾರೂ ಕೇಳಿರಲಿಲ್ಲ.