ಒಂದು ಪಾರಿವಾಳದಷ್ಟು ಮಾಯೆ

ಥಾಮ್ ಎಂಬುದು ಮಂತ್ರಶಕ್ತಿಯನ್ನು ಅಳೆಯುವ ಮಾನ. ಇಂಗ್ಲೆಂಡಿನ ಹಾಸ್ಯ ಕಾದಂಬರಿಕಾರ ಟೆರ್ರಿ ಪ್ರಾಚೆಟ್ (1948–2015) ಸೃಷ್ಟಿಸಿದ ಡಿಸ್ಕ್‌ವರ್ಲ್ಡ್ ಎಂಬ ಲೋಕದಲ್ಲಿ ಇದು ಚಲಾವಣೆಯಲ್ಲಿದೆ. ಆ ಲೋಕ ಚಪ್ಪಟೆಯಾಗಿದೆ. ಅದನ್ನು ನಾಲ್ಕು ಆನೆಗಳು ಹೊತ್ತಿವೆ. ಆನೆಗಳನ್ನು ಬೆನ್ನ ಮೇಲಿಟ್ಟುಕೊಂಡು ಒಂದು ಮಹಾ ಆಮೆ ಆಕಾಶದಲ್ಲಿ ಈಜುತ್ತಿದೆ. ಕೂರ್ಮವನ್ನೂ ಅಷ್ಟದಿಗ್ಗಜಗಳನ್ನೂ ಬಲ್ಲ ಕನ್ನಡ ಓದುಗರಿಗೆ ಇದರಲ್ಲಿ ಅಂಥ ಹೊಸತೇನಿಲ್ಲ, ನಾಲ್ಕು ಆನೆ ಕಡಿಮೆಯಾಗಿವೆ ಅಷ್ಟೆ. ಹೊಸತಿರುವುದು ಆ ಲೋಕದ ಮಂತ್ರವಾದಿಗಳಲ್ಲಿ. ಅವರಿಗೊಂದು ವಿಶ್ವವಿದ್ಯಾನಿಲಯವಿದೆ, ಪ್ರಾಧ್ಯಾಪಕರ ಹುದ್ದೆಗಳಿವೆ, ಹೊತ್ತುಹೊತ್ತಿಗೆ ಭರ್ಜರಿ ಊಟವಿದೆ. ವಿಶ್ವವಿದ್ಯಾನಿಲಯ ಎಂದಮೇಲೆ ಅಳತೆಯ ಮಾನವೂ ಬೇಕಲ್ಲ.

1986ರಲ್ಲಿ ಬಂದ ‘ದಿ ಲೈಟ್ ಫೆಂಟಾಸ್ಟಿಕ್’ ಕಾದಂಬರಿ ಥಾಮ್‌ಗೆ ವ್ಯಾಖ್ಯೆ ಕೊಡುತ್ತದೆ. ಒಂದು ಸಣ್ಣ ಬಿಳಿ ಪಾರಿವಾಳವನ್ನೋ ಸಾಧಾರಣ ಗಾತ್ರದ ಮೂರು ಬಿಲಿಯರ್ಡ್ಸ್ ಚೆಂಡುಗಳನ್ನೋ ಉಂಟುಮಾಡಲು ಎಷ್ಟು ಮಂತ್ರಶಕ್ತಿ ಬೇಕೋ ಅಷ್ಟಕ್ಕೆ ಒಂದು ಥಾಮ್. ವ್ಯಾಖ್ಯೆಯ ರೂಪ ಅಪ್ಪಟ ಪಠ್ಯಪುಸ್ತಕದ್ದು. ಒಂದು ಗ್ರಾಂ ನೀರಿನ ಉಷ್ಣತೆಯನ್ನು ಒಂದು ಡಿಗ್ರಿ ಸೆಲ್ಸಿಯಸ್ ಏರಿಸುವ ಶಾಖವೇ ಕ್ಯಾಲೊರಿ. 33,000 ಪೌಂಡ್ ತೂಕವನ್ನು ಒಂದು ನಿಮಿಷದಲ್ಲಿ ಒಂದು ಅಡಿ ಎತ್ತಬಲ್ಲ ಸಾಮರ್ಥ್ಯವನ್ನು ಜೇಮ್ಸ್ ವಾಟ್ ಅಶ್ವಶಕ್ತಿ ಎಂದ. ಇಂಥ ಕೆಲಸಕ್ಕೆ ಇಷ್ಟು ಎಂದು ಗೊತ್ತುಮಾಡುವ ಕ್ರಮವೇ ಥಾಮ್‌ನದೂ.

ತೊಡಕು ಶುರುವಾಗುವುದು ‘ಸಣ್ಣ’, ‘ಸಾಧಾರಣ’ ಎಂಬ ಮಾತುಗಳನ್ನು ಹಿಡಿದು ಕೇಳಿದಾಗ. ಬೆಂಗಳೂರಿನ ಪಂಕಜ್ ಅಡ್ವಾಣಿ ಬಿಲಿಯರ್ಡ್ಸ್ ಆಡುವ ಚೆಂಡಿನ ವ್ಯಾಸ 52.5 ಮಿ.ಮೀ. ಅಮೆರಿಕದ ಪೂಲ್ ಮೇಜಿನ ಚೆಂಡು 57 ಮಿ.ಮೀ. ದಾಟುತ್ತದೆ. ಹಾಗಾದರೆ ಯಾವ ಮೇಜಿನ ಚೆಂಡು ಸಾಧಾರಣ? ಪಾರಿವಾಳಕ್ಕಂತೂ ಅಷ್ಟು ಮಾತ್ರದ ನಿಯಮವೂ ಇಲ್ಲ. ಆದರೂ ಈ ಕಾರಣಕ್ಕೆ ಡಿಸ್ಕ್‌ವರ್ಲ್ಡಿನ ಪಂಡಿತರನ್ನು ಹೀಗಳೆಯುವುದು ಸಲ್ಲದು. ನಮ್ಮ ಅಕ್ಕಸಾಲಿಗರು ಗುಲಗಂಜಿ ಇಟ್ಟೇ ಚಿನ್ನ ತೂಗುತ್ತಿದ್ದರು. ಇಡೀ ಜಗತ್ತಿನ ಕಿಲೋಗ್ರಾಂ 1889ರಿಂದ 2019ರವರೆಗೆ ಪ್ಯಾರಿಸಿನ ಹತ್ತಿರ ಗಾಜಿನ ಮುಚ್ಚಳಗಳ ಕೆಳಗೆ ಇಟ್ಟಿದ್ದ ಪ್ಲಾಟಿನಂ–ಇರಿಡಿಯಂ ಮಿಶ್ರಲೋಹದ ಒಂದು ತುಂಡಾಗಿತ್ತು. ಅದಕ್ಕೂ ಅದರ ಪ್ರತಿಗಳಿಗೂ ನಡುವೆ ನೂರು ವರ್ಷದಲ್ಲಿ ಸುಮಾರು 50 ಮೈಕ್ರೋಗ್ರಾಂ ವ್ಯತ್ಯಾಸ ಬಂದುಬಿಟ್ಟಿತು. ವ್ಯತ್ಯಾಸ ಯಾರದೇ ಇರಲಿ, ವ್ಯಾಖ್ಯೆಯ ಪ್ರಕಾರ ಪ್ಯಾರಿಸಿನ ತುಂಡು ತಪ್ಪುವಂತಿರಲಿಲ್ಲ.

ಪಾರಿವಾಳ ಮತ್ತು ಬಿಲಿಯರ್ಡ್ಸ್ ಚೆಂಡನ್ನೇ ಪ್ರಾಚೆಟ್ ಆರಿಸಿದ್ದರ ಹಿಂದೆ ಒಂದು ಕುಹಕವಿದೆ. ಎರಡೂ ರಂಗದ ಮೇಲಿನ ಜಾದೂಗಾರನ ಸಾಮಾನು. ಖಾಲಿ ಟೋಪಿಯಿಂದ ಹಾರುವುದು ಬಿಳಿ ಹಕ್ಕಿ. ಬೆರಳ ಸಂದಿನಲ್ಲಿ ಒಂದಿದ್ದದ್ದು ಎರಡಾಗಿ, ಎರಡಿದ್ದದ್ದು ಮೂರಾಗುವುದು ಬಿಲಿಯರ್ಡ್ಸ್ ಚೆಂಡು. ಅಂಗೈ ಸ್ವಲ್ಪ ತಿರುಗುತ್ತದೆ, ಹೆಬ್ಬೆರಳಿನ ಮರೆಯಲ್ಲಿದ್ದ ಚೆಂಡು ಮುಂದಕ್ಕೆ ಜಾರುತ್ತದೆ, ಸಭೆ ಚಪ್ಪಾಳೆ ತಟ್ಟುತ್ತದೆ. ನಮ್ಮ ಲೋಕದಲ್ಲಿ ಕೇವಲ ಕೈಚಳಕವಾದದ್ದು ಆ ಲೋಕದಲ್ಲಿ ನಿಜವಾದ ಮಂತ್ರಕ್ಕೆ ಅಳತೆಗೋಲು. ಥಾಮ್ ಬರೀ ತಮಾಷೆಯಾಗಿ ಉಳಿಯದೆ ಒಳ್ಳೆಯ ತಮಾಷೆಯಾಗಿರುವುದು ಇಲ್ಲಿ.

ವ್ಯಾಖ್ಯೆಯನ್ನು ಅಕ್ಷರಶಃ ಹಿಡಿದು ಲೆಕ್ಕ ಹಾಕಿದರೆ ಮಜಾ ಇನ್ನೂ ಇದೆ. ಬಿಲಿಯರ್ಡ್ಸ್ ಚೆಂಡು ಒಂದಕ್ಕೆ ಸುಮಾರು 140 ಗ್ರಾಂ, ಮೂರಕ್ಕೆ 420. ಪಾರಿವಾಳವೊಂದು ಸುಮಾರು 300 ಗ್ರಾಂ, ಸಣ್ಣದಾದರೆ ಅದಕ್ಕೂ ಕಡಿಮೆ. ತೂಕ ಸಮವಿಲ್ಲ, ಬೆಲೆ ಮಾತ್ರ ಸಮ. ಅಂದರೆ ಮಂತ್ರ ಬರೀ ತೂಕಕ್ಕೆ ದರ ಹಾಕುವುದಿಲ್ಲ; ರೆಕ್ಕೆಪುಕ್ಕಕ್ಕೂ ಜೀವಕ್ಕೂ ಸೇರಿಸಿ ನೂರು ಗ್ರಾಂ ಚಿಲ್ಲರೆಯ ಹೆಚ್ಚುವರಿ ವಸೂಲಿ ಮಾಡುತ್ತದೆ. ಜೀವ ಅಷ್ಟು ಅಗ್ಗವೇ ಎಂಬ ಪ್ರಶ್ನೆಯನ್ನು ಜೀವವಿಜ್ಞಾನಿಗಳಿಗೆ ಬಿಡಬಹುದು. ಭೌತವಿಜ್ಞಾನದ ಲೆಕ್ಕವಂತೂ ಹೆದರಿಸುವಂಥದು. ಐನ್‌ಸ್ಟೈನ್ ಸೂತ್ರದಂತೆ 420 ಗ್ರಾಂ ದ್ರವ್ಯವನ್ನು ಶೂನ್ಯದಿಂದ ತೆಗೆಯಬೇಕಾದರೆ ಹಿರೋಶಿಮಾದ ಮೇಲೆ ಬಿದ್ದಂಥ ಸುಮಾರು 600 ಬಾಂಬುಗಳ ಶಕ್ತಿ ಬೇಕು. ಒಂದು ಥಾಮ್ ಎಂದರೆ ಮಕ್ಕಳಾಟವಲ್ಲ.

ಈ ಲೆಕ್ಕ ಪ್ರಾಚೆಟ್‌ಗೆ ಹೊಳೆದಿರಲಿಕ್ಕಿಲ್ಲ ಎನ್ನುವಂತಿಲ್ಲ. ಥಾಮ್ ಹುಟ್ಟಿದಾಗ ಅವರು ಬ್ರಿಟನ್ನಿನ ವಿದ್ಯುತ್ ಉತ್ಪಾದನಾ ಮಂಡಳಿಯಲ್ಲಿ ಪತ್ರಿಕಾ ಅಧಿಕಾರಿ; ಅವರ ವ್ಯಾಪ್ತಿಯಲ್ಲಿ ಅಣುವಿದ್ಯುತ್ ಸ್ಥಾವರಗಳೂ ಇದ್ದವು. ಅಮೆರಿಕದ ತ್ರೀ ಮೈಲ್ ಐಲೆಂಡ್ ಸ್ಥಾವರದಲ್ಲಿ 1979ರಲ್ಲಿ ಅಪಘಾತವಾದ ಮೇಲೆ ಆ ಕೆಲಸಕ್ಕೆ ಸೇರಿ, 1987ರಲ್ಲಿ ಬಿಟ್ಟು ಪೂರ್ಣಾವಧಿ ಬರಹಕ್ಕೆ ಕೂತರು. ಗಾಬರಿಯಾದ ಪತ್ರಕರ್ತರಿಗೆ ‘ಏನೂ ಆಗಿಲ್ಲ’ ಎಂದು ಹೇಳುವ ನೌಕರಿಯದು. ಡಿಸ್ಕ್‌ವರ್ಲ್ಡಿನ ಮಂತ್ರ ವಿಕಿರಣದಂತೆ ವರ್ತಿಸುವುದು ಆಕಸ್ಮಿಕವಲ್ಲ: ಹಳೆಯ ಮಾಂತ್ರಿಕ ಯುದ್ಧಗಳು ನಡೆದ ಜಾಗದಲ್ಲಿ ಅದು ಉಳಿದುಕೊಳ್ಳುತ್ತದೆ, ಗೋಡೆಗಳಿಗೆ ಇಳಿಯುತ್ತದೆ, ಹತ್ತಿರ ಹೋದವರನ್ನು ಕೆಡಿಸುತ್ತದೆ. ವಿಶ್ವವಿದ್ಯಾನಿಲಯದಲ್ಲಿ ಅಧಿಕಶಕ್ತಿ ಮಂತ್ರಕ್ಕೆಂದೇ ಬೇರೆ ಕಟ್ಟಡವಿದೆ.

ಮುಂದಿನ ಕಾದಂಬರಿಗಳಲ್ಲಿ ಥಾಮ್‌ಗೆ ಬಡ್ತಿ ಸಿಕ್ಕಿತು. ಮಾನವಾಗಿದ್ದದ್ದು ಕಣವಾಯಿತು; ಮಂತ್ರದ ಪರಮಾಣು ಎನ್ನೋಣ. 1992ರ ‘ಲಾರ್ಡ್ಸ್ ಅಂಡ್ ಲೇಡೀಸ್’ ಹೊತ್ತಿಗೆ ಅದೂ ಅವಿಭಾಜ್ಯವಲ್ಲ, ಒಳಗೆ ಇನ್ನೂ ಸಣ್ಣ ಕಣಗಳಿವೆ, ಅವುಗಳಲ್ಲಿ ಐದು ಪರಿಮಳಗಳಿವೆ ಎಂದು ತಿಳಿಯಿತು: ಮೇಲೆ, ಕೆಳಗೆ, ಪಕ್ಕಕ್ಕೆ, ಕಾಮಾಕರ್ಷಣೆ ಮತ್ತು ಪೆಪ್ಪರ್‌ಮಿಂಟ್. ನಗುವ ಮುನ್ನ ಒಂದು ಮಾತು ನೆನಪಿರಲಿ. ನಿಜವಾದ ಭೌತವಿಜ್ಞಾನಿಗಳೂ ಕ್ವಾರ್ಕ್‌ಗಳ ಬಗೆಗಳನ್ನು ಪರಿಮಳ ಎಂದೇ ಕರೆಯುತ್ತಾರೆ. ಅವರ ಪಟ್ಟಿಯಲ್ಲೂ ಮೇಲೆ, ಕೆಳಗೆ, ವಿಚಿತ್ರ, ಮೋಹಕ ಎಂಬವಿವೆ. ಪ್ರಾಚೆಟ್ ಸೇರಿಸಿದ್ದು ಪೆಪ್ಪರ್‌ಮಿಂಟ್‌ನಷ್ಟು ಮಾತ್ರ.

ಥಾಮ್ ಒಡೆದದ್ದು 1999ರ ‘ದಿ ಸೈನ್ಸ್ ಆಫ್ ಡಿಸ್ಕ್‌ವರ್ಲ್ಡ್’ ಪುಸ್ತಕದಲ್ಲಿ. ಗಣಿತಜ್ಞ ಇಯಾನ್ ಸ್ಟೂವರ್ಟ್, ಜೀವವಿಜ್ಞಾನಿ ಜ್ಯಾಕ್ ಕೋಹೆನ್ ಅದರ ಸಹಲೇಖಕರು. ಮಂತ್ರವಾದಿಗಳು ತಮ್ಮ ಸ್ಕ್ವಾಷ್ ಅಂಕಣದಲ್ಲೇ ಈ ಪ್ರಯೋಗ ನಡೆಸುತ್ತಾರೆ. ಎನ್ರಿಕೋ ಫರ್ಮಿಯ ತಂಡ 1942ರ ಡಿಸೆಂಬರ್ 2ರಂದು ಮೊದಲ ಅಣುಸ್ಥಾವರವನ್ನು ನಡೆಸಿದ್ದು ಷಿಕಾಗೋ ವಿಶ್ವವಿದ್ಯಾನಿಲಯದ ಕ್ರೀಡಾಂಗಣದ ಕೆಳಗಿನ ಅಂಥದೇ ಅಂಕಣದಲ್ಲಿ ಎಂಬುದು ಗೊತ್ತಿದ್ದವರಿಗೆ ನಗು ಎರಡು ಪಾಲು. ಹೊರಬಂದ ಮಂತ್ರಶಕ್ತಿ ವಿಪರೀತವಾಗಿ, ಅದನ್ನು ಎಲ್ಲಾದರೂ ಖರ್ಚು ಮಾಡಲೇಬೇಕಾಗುತ್ತದೆ. ಆ ಖರ್ಚಿನಲ್ಲಿ ಮಂತ್ರವೇ ಇಲ್ಲದ ಒಂದು ವಿಶ್ವ ತಯಾರಾಗುತ್ತದೆ. ಅಲ್ಲಿ ಲೋಕಗಳು ದುಂಡಗಿವೆ, ಆನೆ ಆಮೆಗಳ ಆಧಾರವಿಲ್ಲ. ಅದೇ ನಮ್ಮ ವಿಶ್ವ.

ಥಾಮ್‌ನ ಮೂಲ ವ್ಯಾಖ್ಯೆಯನ್ನು ಅದರ ಜಾಗದಲ್ಲೇ ಓದಬಯಸುವವರು ‘ದಿ ಲೈಟ್ ಫೆಂಟಾಸ್ಟಿಕ್’ಗೆ ಮೊದಲು 1983ರ ‘ದಿ ಕಲರ್ ಆಫ್ ಮ್ಯಾಜಿಕ್’ ಓದಿಕೊಳ್ಳಬೇಕು. ಎರಡನೆಯದರ ಕಥೆ ಮೊದಲನೆಯದು ನಿಂತಲ್ಲಿಂದಲೇ ಮುಂದುವರಿಯುತ್ತದೆ.