ತಂಬೂರದಿಂದ ಕುಂದಗೋಳಕ್ಕೆ

ನಮ್ಮ ಊರಿನ ಹೆಸರು ತಂಬೂರ. ಪರಸ್ಥಳದವರು ಇದನ್ನು ಕೇಳಿದೊಡನೆ ನಾಲ್ಕು ತಂತಿಯ ವಾದ್ಯವನ್ನು ನೆನೆದು ನಗುವರು. ಕಲಘಟಗಿ ತಾಲೂಕಿನ ಈ ಹಳ್ಳಿಗೂ ಆ ವಾದ್ಯಕ್ಕೂ ಸಂಬಂಧವನ್ನು ಸಾಧಿಸಹೊರಡುವದು ವ್ಯಾಕರಣ ಓದಿದವನಿಗೆ ತಕ್ಕುದಲ್ಲ. ಆದರೆ ನಮ್ಮ ಮನೆಯ ಮೂಲೆಯಲ್ಲಿ ಒಂದು ತಂಬೂರಿ ಇರುವದು ನಿಜ. ಮೂರು ತಿಂಗಳಿನಿಂದ ಯಾರೂ ಅದರ ಗವಸು ತೆಗೆದಿರಲಿಲ್ಲವೆಂಬುದೂ ನಿಜ. ಅದೇ ನನ್ನ ಈ ಪ್ರವಾಸಕ್ಕೆ ಕಾರಣವಾಯಿತು.

ನನ್ನ ಮಗಳ ಮಗನಿಗೆ ಈಗ ಹದಿನಾಲ್ಕನೆಯ ವರುಷ. ಚಿಕ್ಕಂದಿನಲ್ಲಿ ಅವನ ಕಂಠವು ಬಹು ಇಂಪಾಗಿದ್ದಿತು. ಬಸವಣ್ಣನ ಗುಡಿಯ ಭಜನೆಯಲ್ಲಿ ಜನರು ಅವನ ಸರದಿಗಾಗಿ ಕಾಯುತ್ತಿದ್ದರು. ಈ ವರುಷ ಧ್ವನಿ ಒಡೆಯಿತು. ಒಂದು ರಾತ್ರಿ ತಾರಷಡ್ಜದಲ್ಲಿ ಸ್ವರವು ಬಿರಿದಾಗ ಹುಡುಗರು ನಕ್ಕರು. ಅಂದಿನಿಂದ ಹಾಡಿನ ಮಾತನ್ನೇ ಬಿಟ್ಟನು. ಉಪದೇಶ ಮಾಡಿ ನೋಡಿದೆನು. ಮೂವತ್ತು ವರುಷಕ್ಕೂ ಮೇಲೆ ಮಾಸ್ತರಿಕೆ ಮಾಡಿದವನಿಗೆ ಉಪದೇಶದ ಬಲವೆಷ್ಟೆಂಬುದು ತಿಳಿಯದ್ದೇನಲ್ಲ. ಕೊನೆಗೆ, "ನಡೆ, ಕುಂದಗೋಳ ನೋಡಿ ಬರೋಣ" ಎಂದೆನು.

ಹುಬ್ಬಳ್ಳಿಯವರೆಗೆ ಬಸ್ಸು, ಅಲ್ಲಿಂದ ರೈಲು. ನಮ್ಮ ಕಡೆಯ ಭತ್ತದ ಗದ್ದೆಗಳೂ ಗಿಡಮರಗಳೂ ಹಿಂದುಳಿದು, ಕಣ್ಣು ಹಾಯುವವರೆಗೆ ಎರೆಯ ಹೊಲ, ಹತ್ತಿ, ಮೆಣಸಿನಕಾಯಿ. ಇದೇ ದಾರಿಯಿಂದ ಗಂಗೂಬಾಯಿ ಹಾನಗಲ್ಲರು ಪಾಠಕ್ಕಾಗಿ ಹುಬ್ಬಳ್ಳಿಯಿಂದ ಕುಂದಗೋಳಕ್ಕೆ ರೈಲಿನಲ್ಲಿ ಬಂದುಹೋಗುತ್ತಿದ್ದರೆಂದು ಹುಡುಗನಿಗೆ ಹೇಳಿದೆನು. ಅವನು ಕಿಟಕಿಯ ಹೊರಗೇ ನೋಡುತ್ತಿದ್ದನು.

ಕುಂದಗೋಳವು 1948ರ ವಿಲೀನದವರೆಗೆ ಜಮಖಂಡಿ ಸಂಸ್ಥಾನಕ್ಕೆ ಸೇರಿದ ಊರು. ಶಂಭುಲಿಂಗನ ಗುಡಿಯಲ್ಲಿ ಕೈಮುಗಿದು, ಚಾಲುಕ್ಯರ ಕಾಲದ ಆ ಕಂಬಗಳ ಮುಂದೆ ಒಂದು ಗಳಿಗೆ ನಿಂತು, ನಾಡಿಗೇರರ ವಾಡೆಗೆ ನಡೆದೆವು. ನಾವು ಬಂದುದು ಆ ವಾಡೆಗಾಗಿಯೇ. ಸವಾಯಿ ಗಂಧರ್ವರ ಸ್ಮರಣೆಯ ಸಂಗೀತೋತ್ಸವವು ಇಲ್ಲಿ ನಡೆಯುವದು. ನಾನು ತರುಣನಿದ್ದಾಗ ಗಂಗೂಬಾಯಿಯವರ ಹಾಡನ್ನು ಕೇಳಿದುದೂ ಇಲ್ಲಿಯೇ.

ಸವಾಯಿ ಗಂಧರ್ವರ ನಿಜವಾದ ಹೆಸರು ರಾಮಚಂದ್ರ ಗಣೇಶ ಕುಂದಗೋಳಕರ. ಜನರ ಬಾಯಲ್ಲಿ ರಾಮಭಾವೂ. 1886ರಲ್ಲಿ ಈ ಊರಿನಲ್ಲಿ ಹುಟ್ಟಿದರು. ತಂದೆಯವರು ನಾಡಿಗೇರರಲ್ಲಿ ಗುಮಾಸ್ತರು. ಕಿರಾಣಾ ಘರಾಣೆಯ ಖಾನಸಾಹೇಬ ಅಬ್ದುಲ್ ಕರೀಮಖಾನರು ಈ ವಾಡೆಗೆ ಬರುತ್ತಿದ್ದರು. ರಾಮಭಾವೂ ಅವರ ಶಿಷ್ಯರಾದರು. ಎಂಟು ವರುಷ ಬಿಟ್ಟುಹೋಗದೆ ಕಲಿಯಬೇಕೆಂಬುದು ಗುರುವಿನ ನಿಬಂಧನೆಯಾಗಿದ್ದಿತೆಂದು ಹೇಳುವರು.

ವಾಚಕರು ಇಲ್ಲಿ ಗಮನಿಸತಕ್ಕ ಸಂಗತಿಯೊಂದುಂಟು. ರಾಮಭಾವೂ ಅವರ ಕಂಠವು ಸಹಜಮಧುರವಾದುದಲ್ಲ. ಬೈಠಕಿನಲ್ಲಿ ಕುಳಿತರೆ ಸ್ವರವು ಹದಕ್ಕೆ ಬರಲು ಬಹಳ ಹೊತ್ತು ಹಿಡಿಯುತ್ತಿದ್ದಿತು. ಬಲ್ಲ ರಸಿಕರು ತಾಳ್ಮೆಯಿಂದ ಕಾದಿರುತ್ತಿದ್ದರು. ಇಂಥ ಕಂಠವನ್ನು ಹೊತ್ತುಕೊಂಡೇ ಅವರು ಗುರುವಿಗೆ ಮನಸ್ಸಿಲ್ಲದಿದ್ದರೂ ಮರಾಠಿ ಸಂಗೀತ ನಾಟಕದ ಕಂಪನಿಯನ್ನು ಸೇರಿದರು. ಯುರೋಪಿನವರ ಆಪೇರಾದಲ್ಲಿ ಟೆನರ್ ಎಂಬ ಎತ್ತರದ ಗಂಡುಕಂಠದವನಿಗೆ ಬಹುಮಟ್ಟಿಗೆ ನಾಯಕನ ಪಾತ್ರವೇ ದೊರೆಯುವದು. ನಮ್ಮವರಲ್ಲಿ ಆ ಕಾಲಕ್ಕೆ ಗಂಡಸೇ ಸೀರೆಯುಟ್ಟು ನಾಯಿಕೆಯಾಗಿ ಹಾಡಬೇಕಾಗಿದ್ದಿತು. 'ಸೌಭದ್ರ'ದ ಸುಭದ್ರೆಯ ಪಾತ್ರದಲ್ಲಿ ಇವರು ಹೆಸರಾದರು. ಆಗ ಬಾಲಗಂಧರ್ವರು ಮರಾಠಿ ರಂಗಭೂಮಿಯ ಕಣ್ಮಣಿ. ಅವರು ಗಂಧರ್ವರಾದರೆ ಇವರು ಒಂದೂಕಾಲು ಗಂಧರ್ವರೆಂದು ರಸಿಕರು 'ಸವಾಯಿ' ಪದವಿಯನ್ನಿತ್ತರು. ಕಾಲುಪಾಲಿನ ಈ ಲೆಕ್ಕವು ನನಗೇನೋ ಒಪ್ಪಿಗೆಯಿಲ್ಲ. ಸಂಗೀತವನ್ನು ಸೇರಿನಲ್ಲಿ ಅಳೆಯಬಹುದೇ? ಆದರೆ ಬಿರುದು ನಿಂತುಬಿಟ್ಟಿತು.

ನಾಟಕವನ್ನು ಬಿಟ್ಟ ಬಳಿಕ ಅವರು ಕುಂದಗೋಳದಲ್ಲಿದ್ದಾಗ ಶಿಷ್ಯರು ಹುಡುಕಿಕೊಂಡು ಬಂದರು. ಹಾಡು ಕಲಿಯಲೆಂದು ಮನೆಬಿಟ್ಟು ಉತ್ತರಹಿಂದುಸ್ತಾನವನ್ನೆಲ್ಲ ಅಲೆದ ಗದಗಿನ ಹುಡುಗ ಭೀಮಸೇನ ಜೋಶಿಯು 1936ರಲ್ಲಿ ಇಲ್ಲಿಗೆ ಬಂದು ಗುರುಗೃಹದಲ್ಲಿ ನೀರು ಹೊತ್ತು ಕಲಿತನು. 2008ರಲ್ಲಿ ಭಾರತರತ್ನಕ್ಕೆ ಪಾತ್ರನಾದವನೂ ಅವನೇ. ಮುಂಬಯಿಯ ಪಾರಸಿ ಫಿರೋಜ ದಸ್ತೂರರೂ ಇದೇ ಗುರುವಿನ ಶಿಷ್ಯರು.

ಗಂಗೂಬಾಯಿಯವರ ಮಾತು ಬಂದಾಗ ಹುಡುಗನು ಕಿವಿಗೊಟ್ಟನು. ಅವರ ಎಳೆಯ ದನಿ ತೆಳುವಾಗಿ ಮಧುರವಾಗಿದ್ದಿತು. ಗಂಟಲಿನ ಬೇನೆಗೆ ಚಿಕಿತ್ಸೆಯಾದ ಮೇಲೆ ಅದು ದಪ್ಪಗಾಗಿ ಗಂಡುದನಿಯಂತಾಯಿತು.

"ಅಜ್ಜಾ, ಮೊದಲಿನ ದನಿ ತಿರುಗಿ ಬಂತೇನು?" ಎಂದನು.

"ಇಲ್ಲಪ್ಪಾ, ಬರಲಿಲ್ಲ."

"ಮತ್ತ?"

"ಆ ದಪ್ಪ ದನಿಯಿಂದನ ಹಾಡಿದ್ರು. ನಾ ಕೇಳಿದ್ದೂ ಅದನ್ನ."

ಸುಳ್ಳು ಸಮಾಧಾನ ಹೇಳಲು ಮನಸ್ಸಾಗಲಿಲ್ಲ. 1942ರಲ್ಲಿ ಪಾರ್ಶ್ವವಾಯು ಬಡಿದು ಸವಾಯಿ ಗಂಧರ್ವರ ಹಾಡು ನಿಂತುದನ್ನೂ, ಹತ್ತು ವರುಷದ ನಂತರ ಪುಣೆಯಲ್ಲಿ ಅವರು ತೀರಿಕೊಂಡುದನ್ನೂ ಮುಚ್ಚಿಡದೆ ಹೇಳಿದೆನು. ಮರುವರುಷದಿಂದ ಭೀಮಸೇನರು ಪುಣೆಯಲ್ಲಿ ಗುರುವಿನ ಹೆಸರಿನ ಉತ್ಸವವನ್ನು ನಡೆಸತೊಡಗಿದರು. ಹುಡುಗನು ವಾಡೆಯ ಕಂಬವನ್ನು ಕೈಯಿಂದ ಸವರುತ್ತ ಸುಮ್ಮನೆ ನಿಂತಿದ್ದನು.

ಮರಳುವಾಗ ರೈಲು ತಡವಾಯಿತು. ಹುಬ್ಬಳ್ಳಿಯಲ್ಲಿ ಗಿರಮಿಟ್ಟು ತಿಂದು, ಕೊನೆಯ ಬಸ್ಸು ಹಿಡಿದು ಮನೆ ಸೇರುವಷ್ಟರಲ್ಲಿ ಊರೆಲ್ಲ ಮಲಗಿದ್ದಿತು. ನಸುಕಿನಲ್ಲಿ ಎಚ್ಚರವಾದಾಗ ಕೋಣೆಯಿಂದ ಏನೋ ಸಪ್ಪಳ. ಹುಡುಗನು ಗವಸು ತೆಗೆದು ಕುಳಿತಿದ್ದನು. ಬಹುದಿನ ಮುಟ್ಟದ್ದರಿಂದ ಪಂಚಮದ ತಂತಿಯು ಹರಿದುಹೋಗಿದ್ದಿತು. ಉಳಿದ ಮೂರನ್ನೇ ಮೀಟುತ್ತ, ಕೆಳಗಿನ ಷಡ್ಜದಲ್ಲಿ ಮೆಲ್ಲಗೆ ಆಕಾರ ಹಿಡಿದಿದ್ದನು. ದನಿ ಎರಡು ಸಲ ಜಾರಿತು. ನಾನು ಹೊದಿಕೆಯೊಳಗೇ ಇದ್ದೆನು. ಸೋಮವಾರ ಹುಬ್ಬಳ್ಳಿಗೆ ಹೋಗುವವರ ಕೈಯಲ್ಲಿ ತಂತಿಗೆ ಹೇಳಿಕಳಿಸಿರುವೆನು.