ಬೋ ಸ್ಟ್ರೀಟಿನ ಅಂಧ ಮ್ಯಾಜಿಸ್ಟ್ರೇಟ್

ಲಂಡನ್ನಿಗೆ ಬಂದವರೆಲ್ಲ ಕೋವೆಂಟ್ ಗಾರ್ಡನ್ ನೋಡಿಯೇ ನೋಡ್ತಾರೆ. ಅಲ್ಲಿಂದ ಎರಡು ಹೆಜ್ಜೆ ಹಾಕಿದರೆ ಬೋ ಸ್ಟ್ರೀಟ್. ಒಂದು ಕಡೆ ರಾಯಲ್ ಒಪೆರಾ ಹೌಸ್, ಎದುರಿಗೆ 2006ರಲ್ಲಿ ಮುಚ್ಚಿದ ಮ್ಯಾಜಿಸ್ಟ್ರೇಟ್ ಕೋರ್ಟು. ಈಗ ಅದು ಹೋಟೆಲ್. ಜೊತೆಗೇ ಪುಟ್ಟದೊಂದು ಪೊಲೀಸ್ ಮ್ಯೂಸಿಯಂ. ಊರಿಂದ ಬಂದಿದ್ದ ಅಮ್ಮನ ಜೊತೆ ನಾನೂ ಒಳಗೆ ಹೋದೆ.

ಈ ಬೀದಿಯ ಕಥೆ ಇಬ್ಬರು ಅಣ್ಣತಮ್ಮಂದಿರದು. ಕಾದಂಬರಿಕಾರ ಹೆನ್ರಿ ಫೀಲ್ಡಿಂಗ್ 1748ರಲ್ಲಿ ಇಲ್ಲಿ ಮ್ಯಾಜಿಸ್ಟ್ರೇಟ್ ಆದರು. ಆಗ ಲಂಡನ್ನಿನಲ್ಲಿ ಈಗಿನಂಥ ಪೊಲೀಸರೇ ಇರಲಿಲ್ಲ. ದುಡ್ಡಿಗೆ ಕಳ್ಳರನ್ನು ಹಿಡಿದುಕೊಡುವವರಿದ್ದರು, ಅವರಲ್ಲೇ ಕೆಲವರು ಕಳ್ಳರ ಜೊತೆ ಶಾಮೀಲು! ಹೆನ್ರಿ 1749ರಲ್ಲಿ ನಂಬಿಕಸ್ಥರ ಒಂದು ಸಣ್ಣ ತಂಡ ಕಟ್ಟಿದರು. ಮುಂದೆ ಅವರಿಗೇ ಬೋ ಸ್ಟ್ರೀಟ್ ರನ್ನರ್ಸ್ ಅನ್ನೋ ಹೆಸರು ಬಂತು.

1754ರಲ್ಲಿ ಹೆನ್ರಿ ತೀರಿಕೊಂಡ ಮೇಲೆ ಆ ಕುರ್ಚಿಗೆ ಬಂದವರು ಮಲತಮ್ಮ ಜಾನ್. 19ನೇ ವಯಸ್ಸಿಗೇ ಕಣ್ಣು ಕಳೆದುಕೊಂಡವರು. 3,000 ಕಳ್ಳರನ್ನು ಬರೀ ದನಿಯಿಂದಲೇ ಗುರುತು ಹಿಡೀತಿದ್ದರು ಅಂತ ಪ್ರತೀತಿ. ನನಗೆ ಅದಕ್ಕಿಂತ ಹಿಡಿಸಿದ್ದು ಅವರ ಇನ್ನೊಂದು ಕೆಲಸ. ಕಳುವಾದ ಕೂಡಲೇ ತಿಳಿಸಿ ಅಂತ ಜನಕ್ಕೆ ಹೇಳಿದರು, ಕಳ್ಳನ ಚಹರೆ, ಕಳುವಾದ ಮಾಲಿನ ವಿವರ ಪತ್ರಿಕೆಯಲ್ಲಿ ಹಾಕಿಸಿದರು, 1772ರಿಂದ ಅದನ್ನೇ ಅಚ್ಚು ಹಾಕಿಸಿ ದೇಶದ ಉದ್ದಗಲಕ್ಕೂ ಮ್ಯಾಜಿಸ್ಟ್ರೇಟರಿಗೆ ಕಳಿಸಿದರು. ನಾವು ಆಫೀಸಿನಲ್ಲಿ ಡೇಟಾಬೇಸ್ ಅಂತ ಬೀಗುತ್ತೇವಲ್ಲ, ಅದನ್ನೇ ಅವರು ಕಾಗದ, ಅಂಚೆ ಕುದುರೆ ನಂಬಿ ಮಾಡಿದ್ದು.

ಕಟಕಟೆಗೆ ಬರುತ್ತಿದ್ದವರಲ್ಲಿ ಹರಕು ಬಟ್ಟೆಯ ಹುಡುಗರೂ ಇದ್ದರು. ಹೊಟ್ಟೆಗಿಲ್ಲದೆ ಕದಿಯೋರಿಗೆ ಗಲ್ಲು ಪರಿಹಾರವಲ್ಲ ಅಂತ ಜಾನ್‌ಗೆ ಅನಿಸಿತ್ತು. 1756ರಲ್ಲಿ ಯುದ್ಧ ಶುರುವಾದಾಗ ಅಂಥ ಹುಡುಗರಿಗೆ ಬಟ್ಟೆಬರೆ ಕೊಡಿಸಿ ನೌಕಾಪಡೆಗೆ ಸೇರಿಸುವ ಮರೀನ್ ಸೊಸೈಟಿಗೆ ಕೈಜೋಡಿಸಿದರು. 1763ರ ಹೊತ್ತಿಗೆ ಸೊಸೈಟಿ 10,000ಕ್ಕೂ ಹೆಚ್ಚು ಗಂಡಸರು, ಹುಡುಗರನ್ನು ಹಡಗು ಹತ್ತಿಸಿತ್ತು. ಅನಾಥ ಹೆಣ್ಣುಮಕ್ಕಳಿಗೆ 1758ರಲ್ಲಿ ಆಶ್ರಯಧಾಮವೂ ಆಯಿತು.

ನಾನು ಇಷ್ಟನ್ನೂ ಹೇಳುವಾಗ ಅಮ್ಮ ಕೇಳಿದರು, "ಅಂದ್ರೆ ಬಡವರ ಮಕ್ಕಳನ್ನ ಯುದ್ಧಕ್ಕೆ ಕಳಿಸಿದ್ರು ಅನ್ನು!"

ಸುಳ್ಳಲ್ಲ. ರಾಜನಿಗೆ ನಾವಿಕರು ಬೇಕಿದ್ದರು, ಬೀದಿ ಚೊಕ್ಕವಾಗಬೇಕಿತ್ತು. ಆದರೂ ನೇಣಿನ ಬದಲು ಸಮುದ್ರ, ಮೈಮುಚ್ಚೋಕೆ ಬಟ್ಟೆ, ಹೊತ್ತುಹೊತ್ತಿಗೆ ಊಟ. ಆ ಹುಡುಗರನ್ನೇ ಕೇಳಿದ್ದರೆ ಏನನ್ನುತ್ತಿದ್ದರೋ. ಅಮ್ಮನಿಗೆ ಇದು ಪೂರ್ತಿ ಒಪ್ಪಿಗೆಯಾಗಲಿಲ್ಲ, ನನಗೂ ಮುಕ್ಕಾಲು ಮಾತ್ರ.

1780ರ ಜೂನ್‌ನಲ್ಲಿ ಲಂಡನ್ ದಂಗೆಯೆದ್ದಾಗ ಗುಂಪು ಬೋ ಸ್ಟ್ರೀಟಿಗೂ ನುಗ್ಗಿತು. ಜಾನ್ ಕಾಯಿಲೆ ಬಿದ್ದಿದ್ದರು. ಮನೆಯ ಸಾಮಾನುಗಳ ಜೊತೆ ವರ್ಷಗಟ್ಟಲೆ ಕೂಡಿಟ್ಟ ದಾಖಲೆಗಳನ್ನೂ ಸುಟ್ಟರು. ಸೆಪ್ಟೆಂಬರಿನಲ್ಲಿ ಅವರು ತೀರಿಕೊಂಡರು.